ತಂಗಿಯ ದನಿ

ನನ್ನ ತಂಗಿ ತೊಕ್ತೊ ದೇವರಾದಾಗ ಅವಳಿಗೆ ಹತ್ತು ವರ್ಷ. ನನಗೆ ಹದಿಮೂರು. ನಾನು ಚುಂಪಿ, ನೂರು ಮನೆಗಳ ಯಜಮಾನ ಹಂಕೊ ಪೋಮಾನ ಹಿರಿಯ ಮಗಳು. ತಮ್ಮ ಪೌಕಾರ ಆಗಿನ್ನೂ ಅವ್ವನ ಬೆನ್ನ ಮೇಲಿನ ಕೂಸು. ಎರಡು ವರ್ಷದವಳಿದ್ದಾಗ ಕುದಿಯುವ ಸಾರಿನ ಮಡಕೆ ಮೈಮೇಲೆ ಉರುಳಿ, ಕತ್ತಿನಿಂದ ಎಡ ಮೊಣಕೈವರೆಗೆ ನನ್ನ ಚರ್ಮ ಸುಟ್ಟು ಸುಕ್ಕುಗಟ್ಟಿದೆ. ನಾನು ಬದುಕಿ ಉಳಿದು ಇಷ್ಟು ಮುದುಕಿಯಾಗಿರುವುದಕ್ಕೆ ಅದೊಂದೇ ಕಾರಣ.

ಆ ವರ್ಷ ರಾಜಧಾನಿ ಕುಸ್ಕೊದಲ್ಲಿ ಇಂಕಾ ದೊರೆಗೆ ಹುಷಾರಿರಲಿಲ್ಲ. ಸೂರ್ಯನ ಮಗನಿಗೇ ಮೈ ಸರಿಯಿಲ್ಲವೆಂದರೆ ಭೂಮಿಗೆ, ನೀರಿಗೆ, ಬೆಳೆಗೆ, ಯಾವುದಕ್ಕೂ ಸರಿಯಿಲ್ಲವೆಂದೇ ಲೆಕ್ಕ. ನಾಲ್ಕು ದಿಕ್ಕಿನ ನಾಡುಗಳಿಂದಲೂ ಮಕ್ಕಳನ್ನು ಕಳಿಸಬೇಕೆಂದು ಅಪ್ಪಣೆ ಹೊರಟಿತು. ಮೈಮೇಲೆ ಕಲೆಯಿರಬಾರದು, ಮಚ್ಚೆಯಿರಬಾರದು, ಹಲ್ಲು ಮುರಿದಿರಬಾರದು. ಅಂಥ ಮಗುವನ್ನು ಕುಸ್ಕೊಗೆ ನಡೆಸಿಕೊಂಡು ಹೋಗಿ, ದೊರೆಯ ಮುಂದೆ ನಿಲ್ಲಿಸಿ, ಸೂರ್ಯನಿಗೂ ಸಿಡಿಲಿಗೂ ತೋರಿಸಿ, ಮತ್ತೆ ಅದರ ನಾಡಿಗೇ ಕರೆತಂದು ಹಿಮದ ಬೆಟ್ಟದ ನೆತ್ತಿಯಲ್ಲಿ ಕೊಡುತ್ತಾರೆ. 'ಕೊಡುವುದು' ಎಂದೇ ನಾವು ಹೇಳುವುದು. ಬೇರೆ ಮಾತು ಬಾಯಿಂದ ಬರುವಂತಿಲ್ಲ.

ಇಡೀ ನಾಡಿಗೆ ಒಂದು ಮಗು ಸಾಕಿತ್ತು. ನಮ್ಮ ಹಳ್ಳಿಯನ್ನು ಯಾರೂ ಕೇಳಿರಲಿಲ್ಲ. ಅಪ್ಪನೇ ಎರಡು ದಿನ ನಡೆದು, ದೊರೆಯ ಅಧಿಕಾರಿ ಇಳಿದುಕೊಂಡಿದ್ದ ಬಿಡಾರಕ್ಕೆ ಹೋಗಿ, ದೊಡ್ಡವರ ಮುಂದೆ ನಿಲ್ಲುವ ರೂಢಿಯಂತೆ ಬೆನ್ನ ಮೇಲೆ ಹೊರೆ ಹೊತ್ತು ನಿಂತು, ಮಾತು ಕೊಟ್ಟು ಬಂದ. ಅವನಿಗೆ ಐನೂರು ಮನೆಗಳ ಯಜಮಾನನಾಗುವ ಆಸೆ. ನಮ್ಮೂರ ಮೇಲಿನ ಪುಕಾ ಬೆಟ್ಟದ ಹಿಮದ ನೀರನ್ನು ನಮ್ಮ ಹೊಲಗಳಿಗೆ ತಿರುಗಿಸುವ ಕಾಲುವೆಗೆ ದೊರೆಯ ಅಪ್ಪಣೆ ಬೇಕಿತ್ತು. ಹೊಳೆಯ ಆಚೆದಂಡೆಯ ಊರಿನವರೂ ಅದೇ ನೀರಿನ ಮೇಲೆ ಕಣ್ಣಿಟ್ಟಿದ್ದರು.

ಮನೆಗೆ ಬಂದವನು ಚಪ್ಪಲಿ ಬಿಚ್ಚುತ್ತ ಅವ್ವನಿಗೆ ಹೇಳಿದ. ಅವ್ವ ಒಲೆಯ ಮುಂದೆ ಮುಸುಕಿನ ಜೋಳ ಹುರಿಯುತ್ತಿದ್ದಳು.

"ಕೊಡ್ತೀನಿ ಅಂತ ಹೇಳಿ ಬಂದಿದೀನಿ."

"ಏನನ್ನ?"

"ಚಿಕ್ಕವಳನ್ನ."

ಅವ್ವ ಕೈಯಾಡಿಸುವುದನ್ನು ನಿಲ್ಲಿಸಲಿಲ್ಲ. "ಮಂದೇಲಿ ಒಂದು ಲಾಮಾ ಕೊಡ್ಬೇಕಾದ್ರೆ ಮೂರು ದಿನ ಯೋಚನೆ ಮಾಡ್ತೀಯಲ್ಲ. ಇದಕ್ಕೆ ಎಷ್ಟು ದಿನ ಮಾಡ್ದೆ?"

"ಬಾಯಿ ಮುಚ್ಚು. ಅವಳು ಸಾಯಲ್ಲ. ಸೂರ್ಯನ ಮನೆ ಸೇರ್ತಾಳೆ. ನಾವು ನೀವೆಲ್ಲ ಸತ್ರೆ ಕತ್ಲೇಲಿ ನಾಯಿ ಹಿಂದೆ ಹೋಗ್ಬೇಕು, ಕೂದಲಿನ ಸೇತುವೆ ದಾಟಿ ಸತ್ತವರ ನಾಡು ಸೇರ್ಬೇಕು. ಅವಳಿಗೆ ಅದ್ಯಾವುದೂ ಇಲ್ಲ."

"ಹಂಗಾದ್ರೆ ನೀನೇ ಹೋಗು. ಮೈಮೇಲೆ ಒಂದು ಕಲೆ ಇಲ್ಲ ನಿನಗೂ."

ಅಪ್ಪ ಹೊಡೆಯಲಿಲ್ಲ. ಅವ್ವನ ಹತ್ತಿರ ಕೂತು ಮೆಲ್ಲಗೆ ಅಂದ: "ಅಳ್ಬೇಡ. ತಾಯಿ ಅತ್ರೆ ಕಾಣಿಕೆ ಕೆಡ್ತದೆ. ಅಧಿಕಾರಿ ನಾಳೆ ಬತ್ತಾನೆ. ನಿನ್ನ ಮುಖ ನೋಡ್ತಾನೆ."

ಒಲೆಯಲ್ಲಿ ಜೋಳ ಕರಕಾಗಿತ್ತು.

ಅಧಿಕಾರಿ ಬಂದ. ಅವನ ಕಿವಿಯ ತೂತುಗಳಲ್ಲಿ ನನ್ನ ಅಂಗೈಯಷ್ಟು ಅಗಲದ ಬಂಗಾರದ ಬಿಲ್ಲೆಗಳಿದ್ದವು. ಜೊತೆಯಲ್ಲಿ ಇಬ್ಬರು ಮುದುಕಿಯರು. ಹಿರಿಯಳೆಂದು ಮೊದಲು ನನ್ನನ್ನೇ ಕರೆದರು. ಒಬ್ಬಳು ನನ್ನ ಹೊದಿಕೆ ಸರಿಸಿ ಕತ್ತು ನೋಡಿ, "ಇದು ಕೆಂಡದಲ್ಲಿ ಮರ್ತುಬಿಟ್ಟ ಆಲೂಗಡ್ಡೆ," ಎಂದು ನಕ್ಕಳು. ಇನ್ನೊಬ್ಬಳೂ ನಕ್ಕಳು. ಅಪ್ಪನೂ ನಕ್ಕ. ಆಮೇಲೆ ತೊಕ್ತೊಳ ಕೂದಲು ಬಿಚ್ಚಿ, ಕಾಲ್ಬೆರಳ ಸಂದಿಯವರೆಗೆ ನೋಡಿದರು. ಅವಳು ಕಚಗುಳಿಯೆಂದು ಕಿಲಕಿಲ ನಗುತ್ತಿದ್ದಳು. ಒಂದು ಚುಕ್ಕೆಯೂ ಸಿಗಲಿಲ್ಲ. ಅಧಿಕಾರಿ ನನ್ನ ಕಡೆ ತಿರುಗಿ ಕೇಳಿದ:

"ಏ ಹುಡುಗಿ, ನಿಜ ಹೇಳು. ನಿನ್ನ ತಂಗಿಗೆ ಕಾಯಿಲೆ ಗೀಯಿಲೆ? ಮೂರ್ಛೆ? ರಾತ್ರಿ ಕಿರುಚೋದು?"

ಅಷ್ಟು ದೊಡ್ಡ ಮನುಷ್ಯ ನನ್ನನ್ನು ಮಾತಾಡಿಸಿದ್ದನಲ್ಲ, ನನಗೆ ಎದೆ ಉಬ್ಬಿತು. "ಇಲ್ಲ ಸ್ವಾಮಿ, ಒಂದು ದಿನಾನೂ ಶೀತ ಆಗಿಲ್ಲ," ಅಂದೆ. ಮೂರ್ಛೆ ಬರುತ್ತದೆ ಅಂದಿದ್ದರೆ ಸಾಕಿತ್ತು. ಒಂದೇ ಮಾತು. ಅದು ನನಗೆ ಹೊಳೆಯಲಿಲ್ಲವೆಂದು ಬಹಳ ವರ್ಷ ನನಗೆ ನಾನೇ ಹೇಳಿಕೊಂಡೆ. ಆದರೆ ಹೊಳೆದಿತ್ತು. ಎಲ್ಲರೂ ಅವಳ ಕೂದಲು ಮುಟ್ಟಿ ಮುಟ್ಟಿ ನೋಡುತ್ತಿದ್ದಾಗ, ಹೋಗಲಿ ಇವಳು, ಎಂದು ನನ್ನೊಳಗೆ ಯಾರೋ ಅಂದರು.

ಅವಳನ್ನು ಕಳಿಸಿಕೊಡುವ ದಿನ ಊರಿಗೆಲ್ಲ ಊಟ. ಜೋಳದ ಹೆಂಡದ ಹಂಡೆಗಳು ಸಾಲಾಗಿ ನಿಂತವು. ಅಡುಗೆಮನೆಯ ಮೂಲೆಯಲ್ಲಿ ಕೂಯ್ ಕೂಯ್ ಎಂದು ಓಡಾಡಿಕೊಂಡಿದ್ದ, ಬಾಲವಿಲ್ಲದ ದಪ್ಪ ಇಲಿಯಂಥ ಕೂಯಿಗಳನ್ನೆಲ್ಲ ಹಿಡಿದು ಸುಟ್ಟರು. ತೊಕ್ತೊ ಸಾಕಿದ್ದ ಬಿಳಿ ಕೂಯಿಯೂ ಹೋಯಿತು. ಅದು ಬಸಿರಾಗಿತ್ತು. ಅಷ್ಟು ಹೊತ್ತಿಗೆ ಅವಳು ಅಪ್ಪನ ಕೈಹಿಡಿದು ಮೊದಲ ಗುಡ್ಡ ದಾಟಿದ್ದಳು.

ಕುಸ್ಕೊಗೆ ಹೋಗಿ ಬರಲು ಎಂಟು ತಿಂಗಳು. ವಾಪಸು ಬರುವಾಗ ಆ ಮೆರವಣಿಗೆ ರಾಜರಸ್ತೆಯಲ್ಲಿ ಬರುವಂತಿಲ್ಲ. ಹಕ್ಕಿ ಹಾರಿದ ಹಾಗೆ ನೆಟ್ಟಗೆ, ಗುಡ್ಡವಿದ್ದರೆ ಗುಡ್ಡ, ಕಣಿವೆಯಿದ್ದರೆ ಕಣಿವೆ. ದಾರಿಯ ಜನ ನೆಲಕ್ಕೆ ಮುಖ ಹಚ್ಚಿ ಮಲಗಬೇಕು, ತಲೆಯೆತ್ತಬಾರದು. ನಮ್ಮೂರಿನ ಬಯಲಲ್ಲಿ ಅರ್ಧ ದಿನ ನಿಂತರು. ಒಡಹುಟ್ಟಿದವಳೆಂದು ನನಗೆ ನೀರು ಕೊಡುವ ಅಪ್ಪಣೆ ಸಿಕ್ಕಿತು. ಅವ್ವನಿಗೆ ಸಿಗಲಿಲ್ಲ.

ತೊಕ್ತೊ ದಪ್ಪಗಾಗಿದ್ದಳು. ದಿನಾ ಮಾಂಸ, ದಿನಾ ಜೋಳ. ನೂರಾರು ಸಣ್ಣ ಜಡೆಗಳು, ತಲೆಯ ಮೇಲೆ ಬಿಳಿ ಗರಿಗಳ ಕಿರೀಟ, ಕೆನ್ನೆಗೆ ಕೆಂಪು ಬಣ್ಣ. ಬಾಯಲ್ಲಿ ಆಯಾಸ ಕಾಣದಂತೆ ಅಗಿಯುವ ಕೋಕಾ ಎಲೆಯ ಉಂಡೆ. ಮೊದಲು ನನ್ನ ಗುರುತು ಸಿಗದವಳಂತೆ ನೋಡಿದಳು. ಆಮೇಲೆ ಕೇಳಿದಳು:

"ಅಕ್ಕಾ, ನನ್ನ ಬಿಳಿ ಕೂಯಿ ಮರಿ ಹಾಕ್ತಾ?"

"ಹಾಕ್ತು. ಮೂರು."

"ಯಾವ ಬಣ್ಣ?"

"ಒಂದು ಬಿಳಿ. ಎರಡು ಕಂದು."

"ಬಿಳೀದು ನಂದು. ಯಾರಿಗೂ ಕೊಡ್ಬೇಡ."

"ಇಲ್ಲ ಕಣೇ. ಕುಸ್ಕೊ ಹೆಂಗಿತ್ತು?"

"ಗೋಡೆಗೆಲ್ಲ ಬಂಗಾರ. ಆದ್ರೆ ಅಲ್ಲಿ ಹೆಂಗಸರು ತಲೆ ಬಾಚೋವಾಗ ಬಾಳ ಎಳೀತಾರೆ." ಅವಳು ಲೋಟದ ನೀರು ಕುಡಿದು, ಗುಟ್ಟು ಹೇಳುವವಳಂತೆ ಬಗ್ಗಿದಳು. "ಅಲ್ಲಿ ಮೇಲಕ್ಕೆ ಹೋದ್ಮೇಲೆ ನನಗೆ ಎಲ್ಲಾ ಕಾಣ್ತದಂತೆ. ನೀನು ಕದ್ದು ಜೋಳ ತಿನ್ನೋದೂ ಕಾಣ್ತದೆ. ಅಕ್ಕಾ, ಕಾಲು ನೋಯ್ತದೆ."

ನಾನು ಕಾಲು ಒತ್ತಲು ಕೈ ಚಾಚಿದೆ. ಪೂಜಾರಿ ನನ್ನ ಮುಂಗೈಗೆ ಕೋಲಿನಿಂದ ಹೊಡೆದ.

ಪುಕಾ ಬೆಟ್ಟ ಹತ್ತಲು ನಾಲ್ಕು ದಿನ ಹಿಡಿಯಿತಂತೆ. ಅಪ್ಪ ಹೋಗಿದ್ದ. ಅವನ ತಮ್ಮ, ನನ್ನ ಚಿಕ್ಕಪ್ಪ ಲಿಬ್ಯಾಕ್, ಹೆಂಡದ ಕೊಡ ಹೊತ್ತು ಹೋಗಿದ್ದ. ಇಬ್ಬರೂ ವಾಪಸು ಬಂದರು. ಅವ್ವ ಬಾಗಿಲಲ್ಲಿ ನಿಂತು ಇಬ್ಬರ ಕೈಗಳನ್ನೂ ನೋಡಿ ಒಳಗೆ ಹೋದಳು. ಮೂರು ತಿಂಗಳ ಮೇಲೆ ಕುಸ್ಕೊದಿಂದ ಅಪ್ಪನಿಗೆ ಮಣೆ ಬಂತು. ಒಂದು ಗೇಣು ಎತ್ತರದ ಕೆಂಪು ಮರದ ಮಣೆ. ಅದರ ಮೇಲೆ ಕೂರುವ ಹಕ್ಕು ಐನೂರು ಮನೆಗಳ ಯಜಮಾನನಿಗೆ ಮಾತ್ರ. ಅಪ್ಪ ಅದರ ಮೇಲೆ ಕೂತು ಉಂಡ, ಕೂತು ನ್ಯಾಯ ಹೇಳಿದ. ನೆಲದಲ್ಲಿ ಕೂತ ಅವ್ವ ಬಡಿಸಿದಳು. ಕಾಲುವೆಯೂ ಆಯಿತು. ನೀರು ಬಂದ ದಿನ ಜನ ಕುಣಿದರು. ಅವ್ವ ಆ ನೀರನ್ನು ಸಾಯುವವರೆಗೂ ಮುಟ್ಟಲಿಲ್ಲ. ಅರ್ಧ ಗಾವುದ ನಡೆದು ಹಳೆಯ ಒರತೆಯಿಂದ ತರುತ್ತಿದ್ದಳು. ಯಾರಾದರೂ ಕೇಳಿದರೆ, "ಬೆಟ್ಟದ ನೀರು ನನ್ನ ಹೊಟ್ಟೆಗೆ ಆಗಲ್ಲ," ಅನ್ನುತ್ತಿದ್ದಳು.

ಮರುವರ್ಷ ಲಿಬ್ಯಾಕ್ ಚಿಕ್ಕಪ್ಪನಿಗೆ ಲಾಮಾ ಕಾಯುವಾಗ ಸಿಡಿಲು ಹೊಡೆಯಿತು. ಮೂರು ದಿನ ಸತ್ತವನಂತೆ ಬಿದ್ದಿದ್ದು ಎದ್ದ. ಸಿಡಿಲು ಹೊಡೆದೂ ಉಳಿದವನನ್ನು ದೇವರೇ ಆರಿಸಿಕೊಂಡಿರುತ್ತಾನೆ. ಅವನು ಬೆಟ್ಟದ ಬುಡದಲ್ಲಿ ಕಲ್ಲಿನ ಚಿಕ್ಕ ಗುಡಿ ಕಟ್ಟಿ, ಒಳಗೆ ಒಂದು ಉಣ್ಣೆಯ ಪರದೆ ಇಳಿಬಿಟ್ಟು, ಅದರ ಹಿಂದೆ ತೊಕ್ತೊಳ ಹಳೆಯ ಬಟ್ಟೆ ತೊಡಿಸಿದ ಗೊಂಬೆ ಕೂರಿಸಿದ. ಜನ ಪರದೆಯ ಈಚೆ ಕೂತು ಕೇಳುವುದು, ಆಚೆಯಿಂದ ತೊಕ್ತೊ ಉತ್ತರ ಹೇಳುವುದು. ಚಿಕ್ಕಪ್ಪನದು ಕಪ್ಪೆಯ ಗಂಟಲು. ಅದನ್ನು ಹಿಂಡಿ ಹಿಂಡಿ ಸಣ್ಣ ಹುಡುಗಿಯ ದನಿ ತೆಗೆಯುತ್ತಿದ್ದ. ಕಳೆದುಹೋದ ಲಾಮಾ ಎಲ್ಲಿದೆ, ಯಾವ ದಿನ ಬಿತ್ತಬೇಕು, ಸೊಸೆಗೆ ಯಾಕೆ ಮಕ್ಕಳಾಗಲಿಲ್ಲ, ಎಲ್ಲಕ್ಕೂ ಉತ್ತರವಿತ್ತು. ಲಾಮಾ ಒಮ್ಮೊಮ್ಮೆ ಸಿಗುತ್ತಲೂ ಇತ್ತು.

ಅವ್ವ ಒಂದು ಬೆಳಿಗ್ಗೆ ಬೇಯಿಸಿದ ಆಲೂಗಡ್ಡೆ ಗಂಟು ಕಟ್ಟಿಕೊಂಡು ಹೊರಟಳು. ನಾನೂ ಜೊತೆಗೆ ಹೋದೆ. ಪರದೆಯ ಮುಂದೆ ಕೂತು ಕೇಳಿದಳು:

"ಮಗಾ, ಚಳಿಯಾಗ್ತದಾ?"

"ಇಲ್ಲವ್ವಾ," ಅಂದಿತು ಆ ದನಿ. "ಸೂರ್ಯನ ಮನೇಲಿ ಚಳಿ ಎಲ್ಲಿಂದ? ಬೆಚ್ಚಗೆ ಇದೀನಿ. ನನ್ನ ಕಾಲೂ ಈಗ ನೋಯಲ್ಲ. ಮುಂದಿನ ಸಲ ಎರಡು ಕೊಡ ಹೆಂಡ ತಾರವ್ವಾ."

ಅವ್ವ ನೆಲಕ್ಕೆ ಹಣೆ ಹಚ್ಚಿ ಎದ್ದಳು. ಅವಳ ಮುಖ ಹಗುರಾಗಿತ್ತು. ನನಗೆ ಮೈಯೆಲ್ಲ ಉರಿಯಿತು. ದಾರಿಯಲ್ಲಿ ಹೇಳಿಯೇ ಬಿಟ್ಟೆ:

"ಅವ್ವಾ, ಅದು ಚಿಕ್ಕಪ್ಪ. ಅವನೇ ಮಾತಾಡೋದು. ಹತ್ತು ವರ್ಷದ ಹುಡುಗಿ ಹೆಂಡ ಕೇಳ್ತಾಳಾ?"

"ಗೊತ್ತು ಕಣೇ. ನಾನೇನು ಕಿವುಡೀನಾ?"

"ಮತ್ತೆ?"

"ಬೆಚ್ಚಗೆ ಇದೀನಿ ಅಂತ ಯಾರಾದ್ರೂ ನನಗೆ ಹೇಳ್ಬೇಕಿತ್ತು. ನಿಮ್ಮಪ್ಪ ಹೇಳಲಿಲ್ಲ. ನೀನೂ ಹೇಳಲಿಲ್ಲ. ಲಿಬ್ಯಾಕ್ ಹೇಳ್ದ." ಅವಳು ಗಂಟು ಬಿಚ್ಚಿ ಉಳಿದ ಆಲೂಗಡ್ಡೆ ನನ್ನ ಕೈಗಿಟ್ಟಳು. "ಅದಕ್ಕೆ ಎರಡು ಕೊಡ ಹೆಂಡ ಏನೂ ಹೆಚ್ಚಲ್ಲ."

ಪ್ರತಿ ಹುಣ್ಣಿಮೆಯ ಮಾರನೆ ದಿನ ಹೋಗುತ್ತಿದ್ದಳು. ಹೆಂಡ ತಾನೇ ಕಾಯಿಸುತ್ತಿದ್ದಳು. ಆರು ವರ್ಷ ಹೀಗೆ ನಡೆದು ಒಂದು ಚಳಿಗಾಲ ಕೆಮ್ಮಿ ಕೆಮ್ಮಿ ಸತ್ತಳು.

ನನಗೆ ಮದುವೆಯಾಗಲಿಲ್ಲ. ಮೈ ಸುಟ್ಟವಳೆಂದು ಕೆಲವರು, ದೇವರ ಅಕ್ಕನೆಂದು ಕೆಲವರು, ಒಟ್ಟಿನಲ್ಲಿ ಯಾರೂ ಕೇಳಿ ಬರಲಿಲ್ಲ. ಅಪ್ಪನ ಮನೆಯಲ್ಲೇ ನೇಯ್ಗೆ ಮಾಡಿಕೊಂಡಿದ್ದೆ. ಚಿಕ್ಕಪ್ಪ ಮುದುಕನಾದ ಮೇಲೆ ಅವನಿಗೆ ಊಟ ಒಯ್ಯುವುದು ನನ್ನ ಪಾಲಿಗೆ ಬಂತು. ಒಂದು ದಿನ ಅವನು ಕುಡಿದಿದ್ದಾಗ ಕೇಳಿದೆ:

"ಚಿಕ್ಕಪ್ಪ, ಮೇಲೆ ಅವಳು ಕೊನೇಗೆ ಏನಂದ್ಲು?"

ಅವನು ಬಹಳ ಹೊತ್ತು ಬಾಯಿ ಒರೆಸಿಕೊಂಡ. "ಏನೂ ಅನ್ಲಿಲ್ಲ ಕಣವ್ವಾ. ಕುಡಿಸಿದ್ವಲ್ಲ. ತಲೆ ಎತ್ತೋಕಾಗ್ತಿರಲಿಲ್ಲ ಮಗೂಗೆ. ಗುಂಡಿಯೊಳಗೆ ಕೂರಿಸಿದ್ರೆ ಕೂತ್ಕಂಡ್ಲು. ಕಲ್ಲು ಇಟ್ರು." ಅವನು ನನ್ನನ್ನು ನೋಡದೆ ಮುಂದುವರಿಸಿದ. "ಒಂದ್ ಮಾತೂ ಆಡದಂಗೆ ಹೋಯ್ತಲ್ಲ. ಅದಕ್ಕೇ ನಾನು ಆಡ್ತೀನಿ. ನಿಮಗೆಲ್ಲ ಹೆಂಡಕ್ಕೋಸ್ಕರ ಅನ್ನಿಸ್ತದೆ. ಹೆಂಡಕ್ಕೂ ಹೌದು."

ಆ ವರ್ಷವೇ ಅವನು ಸತ್ತ. ಗುಡಿ ಬರಿದಾಯಿತು. ಹದಿನೈದು ದಿನಕ್ಕೆ ಅಪ್ಪ ನನ್ನ ಮಗ್ಗದ ಹತ್ತಿರ ಬಂದು ನಿಂತ.

"ನಿನ್ನ ದನಿ ಅವಳ ದನಿಯಂಗೇ ಐತೆ."

"ನಿನಗೆ ಅವಳ ದನಿ ನೆನಪೈತಾ?"

"ಜನ ಕೇಳ್ತಾವ್ರೆ. ಗುಡಿ ಸುಮ್ನಿದ್ರೆ ಆಚೆದಂಡೆಯವ್ರು ನಗ್ತಾರೆ. ನೀರು ಅವಳದು, ಅವಳು ನಮ್ಮವಳು. ಅವಳು ಮಾತಾಡ್ತಿರ್ಬೇಕು."

ಬೇಡವೆಂದು ಎರಡು ದಿನ ಹೇಳಿದೆ. ಮೂರನೆಯ ದಿನ ಒಪ್ಪಿದೆ. ಯಾಕೆ ಒಪ್ಪಿದೆನೆಂದರೆ, ಎಂದಾದರೂ ಒಂದು ದಿನ ಇವನೂ ಆ ಪರದೆಯ ಮುಂದೆ ಮಂಡಿಯೂರಲೇಬೇಕು. ಮಗಳೇ, ನನ್ನ ಮೇಲೆ ಸಿಟ್ಟಾ, ಎಂದು ಕೇಳಬೇಕು. ಆಗ ಏನು ಹೇಳಬೇಕೆಂದು ನಾನು ವರ್ಷಗಟ್ಟಲೆ ಮನಸ್ಸಿನಲ್ಲೇ ಆಡಿಕೊಂಡಿದ್ದೆ.

ಪರದೆಯ ಹಿಂದೆ ಕೂತವರಿಗೆ ಗೊತ್ತಾಗುವ ವಿಷಯವೊಂದಿದೆ. ಜನ ಉತ್ತರಕ್ಕೆ ಬರುವುದಿಲ್ಲ. ತಾವು ಹೊತ್ತುಕೊಂಡದ್ದನ್ನು ಇಳಿಸಲು ಬರುತ್ತಾರೆ. ನಾನು ಒಳ್ಳೆಯ ಮಾತುಗಳನ್ನು ಹೇಳಿದೆ. ಒಮ್ಮೊಮ್ಮೆ ಕೆಟ್ಟದ್ದನ್ನೂ ಹೇಳಿದೆ. ನನ್ನ ಕತ್ತು ನೋಡಿ ಮೂತಿ ತಿರುಗಿಸುತ್ತಿದ್ದ ಒಬ್ಬಳಿಗೆ, ನಿನ್ನ ಪಾಪವನ್ನು ಹೊಳೆಗೆ ಹೇಳಿ ಹನ್ನೆರಡು ಸಲ ಮುಳುಗು ಅಂದೆ. ಹಿಮದ ಹೊಳೆಯಲ್ಲಿ ಅವಳು ಮುಳುಗಿದಳು. ಐದು ವರ್ಷ ಹೀಗೆ ಕಳೆಯಿತು. ಅಪ್ಪ ಮಾತ್ರ ಒಂದು ದಿನವೂ ಬರಲಿಲ್ಲ.

ಆಮೇಲೆ ಸುದ್ದಿ ಬಂತು, ದೊರೆ ಉತ್ತರದ ಕಡೆ ತೀರಿಕೊಂಡ, ಹೊಸ ದೊರೆಗೆ ಪಟ್ಟ ಕಟ್ಟುತ್ತಾರೆ, ಮಕ್ಕಳು ಬೇಕು ಎಂದು. ಅಪ್ಪನಿಗೆ ಆಗ ಎಪ್ಪತ್ತರ ಹತ್ತಿರ. ಮಣೆ ನನ್ನ ತಮ್ಮ ಪೌಕಾರನಿಗೆ ಸೇರಬೇಕೆಂದರೆ ಹೊಸ ದೊರೆಯ ಮನಸ್ಸು ಗೆಲ್ಲಬೇಕು. ಪೌಕಾರನಿಗೆ ಒಬ್ಬಳೇ ಮಗಳು, ವಾಯ್ತಾ. ಆರು ವರ್ಷ. ಒಂದು ಕಲೆಯಿಲ್ಲದ ಮೈ.

ಪೌಕಾರನ ಹೆಂಡತಿ ಉರ್ಪಿ ಮಧ್ಯಾಹ್ನ ಓಡುತ್ತ ಗುಡಿಗೆ ಬಂದಳು. ಪರದೆಯ ಮುಂದೆ ಕೂರಲಿಲ್ಲ. ಪರದೆ ಎತ್ತಿ ಒಳಗೇ ಬಂದು ನನ್ನ ಕಾಲು ಹಿಡಿದಳು.

"ಅತ್ತಿಗೆಮ್ಮಾ, ಮಾವ ನಾಳೆ ಇಲ್ಲಿಗೆ ಬತ್ತಾರೆ. ದೇವರನ್ನ ಕೇಳ್ತೀನಿ ಅಂತ ಊರಿಗೆಲ್ಲ ಹೇಳವ್ರೆ. ಬೇಡ ಅನ್ನಿ. ನಿಮ್ಮ ಬಾಯಿಂದ ಬೇಡ ಅನ್ನಿ."

"ಪೌಕಾರ ಏನಂತಾನೆ?"

"ಅವರಾ? ಮಣೆ ನೋಡ್ಕಂಡು ಕೂತವ್ರೆ. ನೀವು ನಿಮ್ಮ ತಂಗೀನ ಕಳ್ಕಂಡಿಲ್ವಾ? ನಿಮಗೆ ಗೊತ್ತಾಗಲ್ವಾ?"

ನಾನು ಅವಳ ತಲೆ ನೇವರಿಸಿ, "ಹೋಗು, ಮಗು ಹತ್ರ ಇರು," ಅಂದೆ.

ಮರುದಿನ ಅಪ್ಪ ಬಂದ. ನಾಲ್ಕು ಜನ ಅವನನ್ನು ಪಲ್ಲಕ್ಕಿಯಲ್ಲಿ ಹೊತ್ತು ತಂದರು. ಊರಿನ ಹಿರಿಯರು, ಹೆಂಗಸರು ಗುಡಿಯ ಹೊರಗೆ ನೆರೆದರು. ಅವನೊಬ್ಬನೇ ಒಳಗೆ ಬಂದು ಮಂಡಿಯೂರಿದ. ಮೂಳೆ ಲಟಕ್ಕೆಂದದ್ದು ನನಗೆ ಕೇಳಿಸಿತು. ಪರದೆಯ ನೇಯ್ಗೆಯ ಸಂದಿನಲ್ಲಿ ಅವನ ಗದ್ದ ಮಾತ್ರ ಕಾಣುತ್ತಿತ್ತು. ಇಷ್ಟು ವರ್ಷ ಕಾದ ಗಳಿಗೆ.

ಅವನು ಹೊರಗಿನವರಿಗೆ ಕೇಳುವಂತೆ ಗಟ್ಟಿಯಾಗಿ ಕೇಳಿದ: "ಬೆಟ್ಟದ ಮಗಳೇ, ನಿನ್ನ ತಮ್ಮನ ಕೂಸು ವಾಯ್ತಾಳನ್ನ ನಿನ್ನ ಜೊತೆಗೆ ಕಳಿಸ್ತೀವಿ. ಒಪ್ಪಿಕೊಳ್ತೀಯಾ?"

ಅಷ್ಟೇ. ಸಿಟ್ಟಾ ಎಂದು ಕೇಳಲಿಲ್ಲ. ಚಳಿಯಾ ಎಂದೂ ಕೇಳಲಿಲ್ಲ. ತಂಗಿಯ ದನಿಯಲ್ಲಿ ಮೆಲ್ಲಗೆ, "ಬೇಡ," ಅಂದೆ. ಅದು ಪರದೆ ದಾಟಿ ಅವನ ಕಿವಿ ಮುಟ್ಟಿತು, ಹೊರಗೆ ಹೋಗಲಿಲ್ಲ.

ಅಪ್ಪ ಸ್ವಲ್ಪ ಮುಂದೆ ಬಾಗಿದ. ದನಿ ತಗ್ಗಿಸಿ, ಮನೆಯಲ್ಲಿ ಕರೆಯುವಂತೆ ಕರೆದ:

"ಚುಂಪೀ."

ನಾನು ಪರದೆಯಿಂದ ಹಿಂದಕ್ಕೆ ಸರಿದೆ.

"ಹೊರಗೆ ಕೇಳಿಸ್ಲಿಲ್ಲ, ಒಳ್ಳೇದಾಯ್ತು. ಇನ್ನೊಂದ್ ಸಲ ಕೇಳ್ತೀನಿ. ಈ ಸಲ ನೆಟ್ಟಗೆ ಹೇಳು."

ಬೆಟ್ಟದ ಮಗಳನ್ನು ಇವನು ಒಂದು ದಿನವೂ ನಂಬಿರಲಿಲ್ಲವೆಂದು ನನಗೆ ಆಗ ತಿಳಿಯಿತು. ನನ್ನದೇ ದನಿಯಲ್ಲಿ ಕೇಳಿದೆ: "ಅಪ್ಪಾ, ಅವಳು ದೇವರಾದ್ಲು ಅಂತ ನೀನು ಯಾವತ್ತಾದ್ರೂ ನಂಬಿದ್ಯಾ?"

"ಕಾಲುವೇಲಿ ನೀರು ಬಂತೋ ಇಲ್ವೋ?"

"ಅದನ್ನ ಕೇಳ್ಲಿಲ್ಲ."

"ನೀರು ಬಂತು. ನನಗೆ ಅಷ್ಟು ಸಾಕು. ನಂಬ್ತಾ ಕೂರೋಕೆ ನನಗೆ ಪುರುಸೊತ್ತಿರಲಿಲ್ಲ."

"ಕಲ್ಲು ಇಡೋವಾಗ ಅವಳು ನಿನ್ನ ಕಡೆ ನೋಡಿದ್ಲಾ?"

ಹೊರಗೆ ಯಾರೋ ಕೆಮ್ಮಿದರು. ಆಮೇಲೆ ಅಪ್ಪ ಹೇಳಿದ: "ಬೆನ್ನು ತಿರುಗಿಸಿ ನಿಂತಿದ್ದೆ. ಹೆತ್ತವನು ನೋಡಬಾರ್ದು ಅಂತ ಪೂಜಾರಿಗಳು ಹೇಳಿದ್ರು." ಗದ್ದ ತಗ್ಗಿಸಿ, "ಹೇಳದಿದ್ರೂ ತಿರುಗ್ತಿದ್ದೆ," ಅಂದ.

ನನಗೆ ಒಂದು ಕ್ಷಣ ಅವನ ಮೇಲೆ ಮರುಕ ಬಂತು. ಅದು ಬರಬಾರದಿತ್ತು. ಅವನು ಗಂಟಲು ಸರಿಮಾಡಿಕೊಂಡು ಮೊದಲಿನಂತೆ ಗಟ್ಟಿ ದನಿಯಲ್ಲಿ ಕೇಳಿದ: "ಬೆಟ್ಟದ ಮಗಳೇ, ವಾಯ್ತಾಳನ್ನ ಒಪ್ಪಿಕೊಳ್ತೀಯಾ?"

"ಬೇಡ!" ಎಂದು ನಾನು ಕಿರುಚಿದೆ. "ಬೇಡ! ಬೇಡ! ನನಗೆ ಯಾರೂ ಬೇಡ! ಯಾರನ್ನೂ ಇಲ್ಲಿಗೆ ತರಬೇಡಿ!"

ಆ ದನಿ ಎಲ್ಲಿಂದ ಬಂತೋ ಗೊತ್ತಿಲ್ಲ. ನಾನು ಅಭ್ಯಾಸ ಮಾಡಿಕೊಂಡಿದ್ದ ದನಿ ಅದಲ್ಲ. ಹೊರಗೆ ನಿಂತವರೆಲ್ಲ ದಡದಡನೆ ನೆಲಕ್ಕೆ ಬಿದ್ದರು. ಒಬ್ಬ ಹೆಂಗಸು ಅಳತೊಡಗಿದಳು. ಅಪ್ಪ ನೆಲಕ್ಕೆ ಕೈಯೂರಿ ಏಳಲು ಎರಡು ಸಲ ನೋಡಿದ, ಮೂರನೆಯ ಸಲ ಎದ್ದ. ಬಾಗಿಲಿಗೆ ಹೋಗಿ, "ಬೇಡ ಅಂದ್ಲು," ಎಂದ. ಬೇರೆ ಏನು ಹೇಳಿಯಾನು? ಊರಿಗೆ ಊರೇ ಕೇಳಿತ್ತು.

ಆ ಸಂಜೆ ಉರ್ಪಿ ಒಂದು ಹೊಸ ಹೊದಿಕೆ ತಂದು ನನ್ನ ಹೆಗಲಿಗೆ ಹಾಕಿದಳು.

ಹತ್ತು ದಿನದಲ್ಲಿ ಆಚೆದಂಡೆಯವರು ತಮ್ಮದೊಂದು ಮಗುವನ್ನು ಕೊಡುವ ಮಾತು ಕೊಟ್ಟರು. ಕುಂಬಾರನ ಮಗಳು, ಒಂಬತ್ತು ವರ್ಷ. ಅವಳ ಹೆಸರು ನನಗೆ ಗೊತ್ತಾಗಲಿಲ್ಲ. ಕುಸ್ಕೊಗೆ ಹೊರಟ ದಿನ ನಾನು ಹೊಳೆಯ ಈಚೆ ನಿಂತು ನೋಡಿದೆ. ಅವಳು ಪುಟ್ಟ ಮಡಕೆಯೊಂದನ್ನು ಹಗ್ಗ ಕಟ್ಟಿ ಕೊರಳಿಗೆ ನೇತುಹಾಕಿಕೊಂಡಿದ್ದಳು, ಎರಡು ಕಲ್ಲು ದಾಟಿದಾಗೊಮ್ಮೆ ಅದನ್ನು ಮುಟ್ಟಿ ನೋಡಿಕೊಳ್ಳುತ್ತಿದ್ದಳು. ನಾನು ಒಬ್ಬಳನ್ನು ಉಳಿಸಿದ್ದಕ್ಕೆ ಇವಳು ಹೋಗುತ್ತಿದ್ದಳು. ನಾನು ಅಲ್ಲಿಂದ ಏನನ್ನಾದರೂ ಕೂಗಬಹುದಿತ್ತು. ಆದರೆ ಆ ದಂಡೆಯಲ್ಲಿ ನನ್ನ ತಂಗಿಯ ದನಿಗೆ ಬೆಲೆಯಿರಲಿಲ್ಲ.

ಮಣೆ ಆಚೆದಂಡೆಯ ಯಜಮಾನನಿಗೆ ಹೋಯಿತು. ಅಧಿಕಾರಿ ಬಂದು ಅಪ್ಪನ ಮಣೆ ಎತ್ತಿಸಿಕೊಂಡು ಹೋದ. ಕಾಲುವೆಯ ನೀರು ನಾಲ್ಕು ದಿನ ಅವರಿಗೆ, ಒಂದು ದಿನ ನಮಗೆ ಎಂದಾಯಿತು. ಗುಡಿಗೆ ಬರುವವರು ಕಡಿಮೆಯಾದರು. ಹೊಲದಲ್ಲಿ ಕೂತ ಹೆಂಗಸರು ನನಗೆ ಕೇಳುವಂತೆಯೇ ಅಂದರು:

"ತನ್ನ ಪಕ್ಕ ಇನ್ನೊಂದು ದೇವ್ರು ಬಂದ್ರೆ ಎಡೆ ಕಮ್ಮಿ ಆಗ್ತದೆ ಅಂತ ಅವಳಿಗೆ ಹೊಟ್ಟೆಕಿಚ್ಚು."

"ಬದುಕಿದ್ದಾಗಲೂ ಹಂಗೇ. ಯಾರಿಗೂ ಒಂದು ಕಾಳು ಕೊಡ್ತಿರ್ಲಿಲ್ಲ."

ಅವರಲ್ಲಿ ಒಬ್ಬಳೂ ತೊಕ್ತೊಳನ್ನು ನೋಡಿದವಳಲ್ಲ.

ಆಲೂಗಡ್ಡೆ ಅಗೆಯುವ ಕಾಲಕ್ಕೆ ಅಪ್ಪ ಸತ್ತ. ಸಾಯುವ ಮೊದಲು ಒಂದು ತಿಂಗಳು ನನ್ನ ಕೈಯಿಂದ ಊಟ ತೆಗೆದುಕೊಳ್ಳಲಿಲ್ಲ. ಹಿರಿಯರ ರೂಢಿಯಂತೆ ಅವನ ಮಂಡಿ ಎದೆಗೆ ಕಟ್ಟಿ, ಒಣಗಿಸಿ, ನಮ್ಮ ವಂಶದ ಗವಿಯಲ್ಲಿ ಕೂರಿಸಿದೆವು. ವರ್ಷಕ್ಕೊಮ್ಮೆ ಹೊರಗೆ ತಂದು, ಬಟ್ಟೆ ಬದಲಿಸಿ, ಬಾಯಿಗೆ ಹೆಂಡ ಹನಿಸುವುದು ಮಗಳ ಕೆಲಸ. ಮಾಡುತ್ತ ಬಂದಿದ್ದೇನೆ. ಮುಖ ಇನ್ನೂ ಹಾಗೇ ಇದೆ.

ಅದರ ಮುಂದಿನ ವರ್ಷ ಉತ್ತರದಿಂದ ಬೊಕ್ಕೆಯ ಜ್ವರ ಬಂತು. ಅಂಥ ಕಾಯಿಲೆಯನ್ನು ಯಾವ ಹಿರಿಯರೂ ಕಂಡಿರಲಿಲ್ಲ. ಮೈತುಂಬ ಗುಳ್ಳೆ, ಬಾಯೊಳಗೂ ಗುಳ್ಳೆ. ದೇವರಿಗೆ ಕನಿಕರ ಬರಲೆಂದು ಜನ ಬೀದಿಯಲ್ಲಿ ನಾಯಿಗಳನ್ನು ಹೊಡೆದು ಊಳಿಡಿಸಿದರು, ಕಪ್ಪು ಲಾಮಾಗಳನ್ನು ಉಪವಾಸ ಕಟ್ಟಿದರು. ಏನೂ ಆಗಲಿಲ್ಲ. ನೂರು ಮನೆಗಳಲ್ಲಿ ಮೂವತ್ತು ಬಾಗಿಲು ಮುಚ್ಚಿದವು. ವಾಯ್ತಾ ಒಂಬತ್ತನೆಯ ದಿನ ಹೋದಳು. ಕಲೆಯಿಲ್ಲದ ಆ ಮೈಯಲ್ಲಿ ಬೆರಳಿಡಲು ಜಾಗವಿರಲಿಲ್ಲ. ಕೊನೆಯ ಎರಡು ದಿನ ಅವಳನ್ನು ಎತ್ತಿದರೆ ಕಿರುಚುತ್ತಿದ್ದಳು, ಹಾಗಾಗಿ ಉರ್ಪಿ ಎತ್ತಿಕೊಳ್ಳದೆ ಪಕ್ಕದಲ್ಲಿ ಕೂತಿದ್ದಳು. ನಾನು ಗುಡಿಗೆ ಹೋಗಿ ಪರದೆಯ ಈಚೆ, ಜನ ಕೂರುವ ಕಡೆ ಕೂತು ತಂಗಿಯನ್ನು ಬೇಡಿಕೊಂಡ ದಿನ ಅದೊಂದೇ. ಆಚೆ ಗೊಂಬೆಯ ಹೊರತು ಯಾರೂ ಇರಲಿಲ್ಲ.

ಜ್ವರ ನಿಂತ ಮೇಲೆ ಒಂದು ಬೆಳಿಗ್ಗೆ ಉರ್ಪಿ ಹೆಂಡದ ಕೊಡ ಹೊತ್ತು ಹೊಳೆಯ ಕಡೆ ಹೊರಟದ್ದು ಕಂಡಿತು. ಹಗ್ಗದ ಸೇತುವೆಯ ಹತ್ತಿರ ಅವಳನ್ನು ಕೂಡಿಕೊಂಡೆ.

"ಎಲ್ಲಿಗೇ?"

"ಆಚೆದಂಡೆಗೆ. ಕುಂಬಾರನ ಮಗಳ ಗುಡಿಗೆ."

"ಯಾಕೆ?"

"ನನ್ನ ಮಗು ಆ ಕೂದಲಿನ ಸೇತುವೆ ದಾಟ್ತಾ, ಇಲ್ವಾ ಅಂತ ಕೇಳೋಕೆ. ಕತ್ಲೇಲಿ ಅದಕ್ಕೆ ಭಯ." ಅವಳು ಕೊಡ ಕೆಳಗಿಡಲಿಲ್ಲ. "ಅವತ್ತು ನೀವು ಹೂಂ ಅಂದಿದ್ರೆ ಅದು ಈಗ ದೇವರಾಗಿರೋದು. ನೋವಿಲ್ಲದಂಗೆ ಹೋಗಿರೋದು. ಕೂತು ಮಾತಾಡೋಕೆ ನನಗೂ ಒಂದು ಗುಡಿ ಇರೋದು."

"ನೀನೇ ಅಲ್ವೇನೇ ಬಂದು ಕಾಲು ಹಿಡ್ದಿದ್ದು?"

"ಹಿಡ್ದೆ. ನಾನು ತಾಯಿ, ಹಿಡೀತೀನಿ." ಅವಳು ಮೊದಲ ಸಲ ನನ್ನ ಮುಖ ನೋಡಿದಳು. "ನೀವು ದೇವರಾಗಿದ್ರಿ. ಮುಂದಿಂದು ನಿಮಗೆ ಗೊತ್ತಿರ್ಬೇಕಿತ್ತು."

ಅವಳು ಸೇತುವೆಯ ಮೇಲೆ ಕಾಲಿಟ್ಟಳು. ಹುಲ್ಲಿನ ಹಗ್ಗ ಜೋತು ತೂಗಾಡಿತು, ಕೊಡ ತುಳುಕಿ ಅವಳ ಬೆನ್ನು ನೆನೆಯಿತು. ಒಂದು ಕೈಯಲ್ಲಿ ಹಗ್ಗ, ಒಂದು ಕೈಯಲ್ಲಿ ಕೊಡ ಹಿಡಿದು ಸಣ್ಣ ಸಣ್ಣ ಹೆಜ್ಜೆ ಹಾಕುತ್ತ ಆಚೆ ಸೇರಿದಳು. ಅಲ್ಲಿ ಗುಡಿಯ ದಾರಿ ಹತ್ತಲು ಆಗಲೇ ಹತ್ತಾರು ಹೆಂಗಸರು ಸಾಲು ನಿಂತಿದ್ದರು, ನಮ್ಮೂರಿನವರೇ ಹೆಚ್ಚು. ಉರ್ಪಿ ಕೊನೆಯಲ್ಲಿ ಹೋಗಿ ನಿಂತಳು.